ಮಾಕಳಿಯ ಗುಂಡು, ಮಿನ್ನೆಸೋಟದ ಸರೋವರ

(ಬಾನುಲಿ ಭಾಷಣ)

ಭೂವಿಜ್ಞಾನ ನನ್ನ ವಿಷಯವಲ್ಲ. ಮೂವತ್ತು ವರ್ಷಗಳಿಗೂ ಮೀರಿ ಕಾಲೇಜಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತನಾದವನು ನಾನು. ಹಳಗನ್ನಡದಲ್ಲಿ ‘ಅಱೆ’ ಎಂದರೆ ಬಂಡೆ ಎಂದು ಎಷ್ಟೋ ತಲೆಮಾರಿನ ವಿದ್ಯಾರ್ಥಿಗಳಿಗೆ ಅರ್ಥ ಬರೆಸಿದ್ದೇನೆ. ಆ ಬಂಡೆ ಅಲ್ಲಿಗೆ ಹೇಗೆ ಬಂದಿತು ಎಂದು ಅವರು ಕೇಳಲಿಲ್ಲ, ನಾನೂ ಯೋಚಿಸಲಿಲ್ಲ. ಈಗ ಅರವತ್ತು ದಾಟಿದ ಮೇಲೆ ಆ ಪ್ರಶ್ನೆಯ ಬೆನ್ನು ಹತ್ತಿದ್ದೇನೆ. ಅದಕ್ಕೆ ಕಾರಣ ನನ್ನ ಮೊಮ್ಮಗಳು.

ಮಗಳ ಸಂಸಾರ ಅಮೆರಿಕದ ಮಿನ್ನೆಸೋಟ ರಾಜ್ಯದಲ್ಲಿದೆ. ಎರಡು ಬೇಸಗೆಗಳನ್ನು ನಾನು, ನನ್ನ ಹೆಂಡತಿ ಅಲ್ಲಿ ಕಳೆದೆವು. ಆ ರಾಜ್ಯವನ್ನು ಹತ್ತು ಸಾವಿರ ಸರೋವರಗಳ ನಾಡು ಎಂದು ಕರೆಯುವುದುಂಟು. ಇದು ಅತಿಶಯೋಕ್ತಿ ಇರಬೇಕೆಂದು ಅಲಂಕಾರಶಾಸ್ತ್ರ ಓದಿದ ನಾನು ಭಾವಿಸಿದ್ದೆ; ಅಲ್ಲ, ಅಲ್ಪೋಕ್ತಿ. ಹತ್ತು ಎಕರೆಗಿಂತ ದೊಡ್ಡವನ್ನು ಮಾತ್ರ ಎಣಿಸಿದರೂ 11,842 ಆಗುತ್ತವೆಯಂತೆ. ಒಂದು ಸಂಜೆ ಅಂಥ ಒಂದು ಸರೋವರದ ದಡದಲ್ಲಿ ಕುಳಿತಿದ್ದಾಗ ಹತ್ತು ವರ್ಷದ ಮೊಮ್ಮಗಳು ಕೇಳಿದಳು: “ತಾತ, ನಿಮ್ಮೂರ ಕೆರೆಯನ್ನು ಯಾವ ಗ್ಲೇಸಿಯರ್ ಮಾಡಿತು?”

ಯಾವುದೂ ಮಾಡಲಿಲ್ಲಮ್ಮ, ಊರಿನವರು ಕಟ್ಟಿದರು ಎಂದೆ. ಅವಳು ನಂಬಲಿಲ್ಲ. ಮನುಷ್ಯರು ಸರೋವರ ಮಾಡುವುದುಂಟೇ ಎಂಬುದು ಅವಳ ಸಂದೇಹ. ಅವಳು ಹುಟ್ಟಿ ಬೆಳೆದ ನೆಲದಲ್ಲಿ ಆ ಸಂದೇಹ ಸಹಜವೇ.

ಶ್ರೋತೃಗಳಲ್ಲಿ ಅನೇಕರಿಗೆ ನಮ್ಮ ಮಾಕಳಿ ತುಮಕೂರು ರಸ್ತೆಯ ಒಂದು ನಿಲ್ದಾಣವಾಗಿ ಪರಿಚಿತವಾಗಿರಬಹುದು. ದೊಡ್ಡಬಳ್ಳಾಪುರದಾಚೆಯ ಮಾಕಳಿದುರ್ಗ ಬೇರೆ; ಹೆಸರು ಕೇಳಿ ಅಲ್ಲಿಗೆ ಹೋಗಿ ಬಂದ ನೆಂಟರು ನಮಗಿದ್ದಾರೆ. ನಮ್ಮದು ಬೆಂಗಳೂರು ಉತ್ತರ ತಾಲ್ಲೂಕಿನ ದಾಸನಪುರ ಹೋಬಳಿ. ಪೂರ್ವಕ್ಕೆ ಬೆಂಗಳೂರಿನ ದಿಬ್ಬ, ಪಶ್ಚಿಮಕ್ಕೆ ಅರ್ಕಾವತಿಯ ಕಣಿವೆ. ದೊಡ್ಡ ಬೆಟ್ಟವಿಲ್ಲ, ಆಳವಾದ ಕಂದಕವಿಲ್ಲ; ಏರಿಳಿಯುವ ಕೆಂಪು ನೆಲ, ಅಲ್ಲಲ್ಲಿ ಹಾಸುಬಂಡೆ, ಬಂಡೆಯ ಮೇಲೆ ಗುಂಡು. ದಾರಿಯಲ್ಲೇ ಸಿಗುವ ಬಿದರಕಲ್ಲಿನಂಥ ಊರಿನ ಹೆಸರುಗಳೂ ಕಲ್ಲನ್ನು ಹೊತ್ತುಕೊಂಡೇ ಇವೆ.

ಮಿನ್ನೆಸೋಟದ ನೆಲವೂ ನೋಟಕ್ಕೆ ಹೀಗೆಯೇ ಮೆಲ್ಲಗೆ ಏರಿಳಿಯುತ್ತದೆ. ಅಲ್ಲಿಯೂ ಹೊಲದ ನಡುವೆ ಗುಂಡುಕಲ್ಲುಗಳು. ಮೊದಲ ದಿನ ಕಾರಿನಲ್ಲಿ ಹೋಗುವಾಗ ನನಗೆ ಊರಿನ ನೆನಪಾಗಿ ಕಣ್ಣು ಮಂಜಾಯಿತು. ಆದರೆ ಈ ಎರಡು ಬಯಲುಗಳ ಹುಟ್ಟು ಒಂದಕ್ಕೊಂದು ತದ್ವಿರುದ್ಧವೆಂದು ಆಮೇಲೆ ತಿಳಿಯಿತು.

ಉತ್ತರ ಅಮೆರಿಕದ ಉತ್ತರಾರ್ಧವನ್ನೆಲ್ಲ ಒಮ್ಮೆ ಹಿಮದ ಹೊದಿಕೆ ಮುಚ್ಚಿತ್ತು. ಹೊದಿಕೆ ಎಂದರೆ ತೆಳುವಾದದ್ದಲ್ಲ. ನೂರಾರು ಮೀಟರು, ನಡುಭಾಗದಲ್ಲಿ ಕಿಲೋಮೀಟರುಗಟ್ಟಲೆ ದಪ್ಪ. ಅಷ್ಟು ದಪ್ಪದ ಹಿಮ ತನ್ನ ಭಾರಕ್ಕೆ ತಾನೇ ಅಂಬಲಿಯಂತೆ ಮೆಲ್ಲನೆ ಹರಿಯತೊಡಗುತ್ತದೆ. ಹರಿಯುವಾಗ ತಳದ ಬಂಡೆಯನ್ನು ಕಿತ್ತು, ಉಜ್ಜಿ, ಪುಡಿಮಾಡಿ, ಸಿಕ್ಕಿದ್ದನ್ನೆಲ್ಲ ಹೊತ್ತು ಸಾಗುತ್ತದೆ. ನೀರು ಹಾಗಲ್ಲ; ನದಿ ತಾನು ತಂದದ್ದನ್ನು ಜರಡಿ ಹಿಡಿಯುತ್ತದೆ, ದಪ್ಪ ಕಲ್ಲು ಮೇಲೆ, ಮರಳು ನಡುವೆ, ಜೇಡಿ ಕೆಳಗೆ ಎಂದು ಬಿಡುತ್ತ ಹೋಗುತ್ತದೆ. ಹಿಮಕ್ಕೆ ಆ ವಿವೇಚನೆ ಇಲ್ಲ. ಹಿಟ್ಟಿನಂಥ ಜೇಡಿಯನ್ನೂ ಮನೆಯಷ್ಟು ದೊಡ್ಡ ಕಲ್ಲನ್ನೂ ಒಂದೇ ರಾಶಿಯಲ್ಲಿ ಸುರಿದು ಕರಗಿಹೋಗುತ್ತದೆ. ಈ ಕಲಸುಮೇಲೋಗರಕ್ಕೆ ‘ಟಿಲ್’ ಎಂದು ಹೆಸರು. ಅದು ಸ್ಕಾಟ್ಲೆಂಡಿನ ರೈತರ ಮಾತು. ಹಿಮದ ಅಂಚಿನಲ್ಲಿ ದಿಬ್ಬವಾಗಿ ಉಳಿದ ರಾಶಿಗೆ ‘ಮೊರೇನ್’. ಅದು ಆಲ್ಪ್ಸ್ ಬೆಟ್ಟದ ಹಳ್ಳಿಗರ ಮಾತು. ಹಿಮದಡಿಯ ತೊರೆಗಳು ಹಾವಿನಂತೆ ಬಿಟ್ಟುಹೋದ ಮರಳಿನ ಏರಿಗೆ ‘ಎಸ್ಕರ್’. ಅದು ಐರ್ಲೆಂಡಿನ ಮಾತು. ಒಂದು ಇಡೀ ಶಾಸ್ತ್ರ ಒಕ್ಕಲುಮಕ್ಕಳ ಬಾಯಿಂದ ಪದ ತೆಗೆದುಕೊಂಡು ಬೆಳೆದಿದೆ. ನಮ್ಮಲ್ಲಿ ಮೊರಡಿ, ಗರಸು, ಹಾಸು, ಗುಂಡು, ಗೋಡು ಎಂದು ನೆಲದ ಬಗೆಯನ್ನು ಖಚಿತವಾಗಿ ಹೇಳುವ ಮಾತುಗಳು ಎಷ್ಟಿಲ್ಲ! ನಮ್ಮ ಪಠ್ಯಪುಸ್ತಕಗಳು ಅವನ್ನು ಹೊಸ್ತಿಲಾಚೆ ನಿಲ್ಲಿಸಿ ಸಂಸ್ಕೃತದಿಂದ ಹೊಸ ಪದಗಳನ್ನು ಟಂಕಿಸಿದವು. ಇದು ಕನ್ನಡ ಮೇಷ್ಟರ ಗೊಣಗಾಟ, ಮುಂದೆ ಹೋಗೋಣ.

ಹಿಮ ಹಿಂದೆ ಸರಿಯುವಾಗ ಅದರ ದೊಡ್ಡ ದೊಡ್ಡ ತುಂಡುಗಳು ಈ ಮಣ್ಣಿನ ರಾಶಿಯಲ್ಲಿ ಹೂತುಹೋದವು. ಅವು ನಿಧಾನವಾಗಿ ಕರಗಿದಾಗ ಮೇಲಿನ ಮಣ್ಣು ಕುಸಿದು ಗುಳಿಗಳಾದವು. ಗುಳಿಗಳಲ್ಲಿ ನೀರು ನಿಂತಿತು. ಇವನ್ನು ಅಲ್ಲಿಯವರು ‘ಕೆಟಲ್’ ಎನ್ನುತ್ತಾರೆ. ನಾವು ಹಂಡೆ ಸರೋವರ ಎನ್ನಬಹುದು. ಮಿನಿಯಾಪೊಲಿಸ್ ನಗರದೊಳಗೆ ಸಾಲಾಗಿರುವ ಸರೋವರಗಳು ಹೀಗೆ ಹುಟ್ಟಿದವು. ಅವುಗಳ ಸಾಲು ನೇರವಾಗಿರುವುದಕ್ಕೂ ಕಾರಣವಿದೆ: ಹಿಮಯುಗದಲ್ಲಿ ಮಣ್ಣು ತುಂಬಿ ಹೂತುಹೋದ ಒಂದು ಹಳೆಯ ನದೀಕಣಿವೆಯ ಮೇಲೆ ಅವು ಕುಳಿತಿವೆ. ಇನ್ನೂ ಉತ್ತರಕ್ಕೆ, ಕರಗಿದ ನೀರು ಹರಿದುಹೋಗಲು ಹಿಮದ ಗೋಡೆಯೇ ಅಡ್ಡನಿಂತು ಒಂದು ಮಹಾಸರೋವರವಾಯಿತು. ಇಂದಿನ ಐದು ಮಹಾಸರೋವರಗಳನ್ನು ಕೂಡಿಸಿದರೂ ಅದರ ವಿಸ್ತಾರಕ್ಕೆ ಸಮವಾಗದು. ಅದು ಬರಿದಾದ ಮೇಲೆ ಉಳಿದ ತಳವೇ ಇಂದಿನ ರೆಡ್ ನದಿಯ ಬಯಲು. ಹಲಗೆಯಂತೆ ಸಮತಟ್ಟು, ಕಪ್ಪು ಮಣ್ಣು, ಕಣ್ಣು ಹಾಯುವವರೆಗೆ ಬೆಳೆ. ಇದೆಲ್ಲ ನಡೆದು ಹನ್ನೆರಡು ಸಾವಿರ ವರ್ಷಗಳ ಆಸುಪಾಸು. ನಮ್ಮ ಪುರಾಣಗಳ ಲೆಕ್ಕಕ್ಕೆ ಅದು ನಿನ್ನೆ ಮೊನ್ನೆ.

ಬರಿದಾದ ಆ ಸರೋವರಕ್ಕೆ ಅಗಾಸಿ ಸರೋವರವೆಂದು 1879ರಲ್ಲಿ ವಾರೆನ್ ಅಪ್ಹಮ್ ಎಂಬ ಭೂವಿಜ್ಞಾನಿ ಹೆಸರಿಟ್ಟ. ಲೂಯಿ ಅಗಾಸಿ ಸ್ವಿಟ್ಜರ್ಲೆಂಡಿನವನು. ಯೂರೋಪಿನ ಬಯಲುಗಳಲ್ಲಿ ಬಿದ್ದಿರುವ ಪರದೇಶಿ ಕಲ್ಲುಗಳನ್ನು ತಂದದ್ದು ಮಹಾಪ್ರಳಯವಲ್ಲ, ಹಿಮ ಎಂದು 1837ರಲ್ಲಿ ನ್ಯೂಶಾಟೆಲ್ ಪಟ್ಟಣದ ಸಭೆಯಲ್ಲಿ ಧೈರ್ಯವಾಗಿ ಸಾರಿದವನು. ಅವನಿಗಿಂತ ಮೊದಲು ಕೆಲವರಿಗೆ ಇದು ಹೊಳೆದಿತ್ತಾದರೂ, ಲೋಕ ಕಿವಿಗೊಟ್ಟದ್ದು ಅವನ ಮಾತಿಗೆ. ಅದಕ್ಕೆ ಮುಂಚೆ ಅಲ್ಲಿನ ಹಳ್ಳಿಗರು ಈ ಕಲ್ಲುಗಳನ್ನು ರಾಕ್ಷಸರೋ ಸೈತಾನನೋ ಬೀಸಿ ಒಗೆದದ್ದೆನ್ನುತ್ತಿದ್ದರು. ಇದನ್ನು ಓದಿದಾಗ ನಾನು ಪುಸ್ತಕ ಮುಚ್ಚಿಟ್ಟು ಸುಮ್ಮನೆ ಕುಳಿತುಬಿಟ್ಟೆ.

ಏಕೆಂದರೆ ನಮ್ಮ ಹೊಲದಲ್ಲೂ ಅಂಥದೊಂದು ಗುಂಡಿತ್ತು. ಆನೆಗುಂಡು ಎನ್ನುತ್ತಿದ್ದೆವು. ಹಾಸುಬಂಡೆಯ ಮೇಲೆ, ಈಗಲೋ ಆಗಲೋ ಉರುಳುವಂತೆ ನಿಂತಿತ್ತು. ಭೀಮಸೇನ ಕವಣೆಯಲ್ಲಿ ಬೀಸಿದ ಕಲ್ಲು ಅದು ಎಂದು ಅಜ್ಜಿ ಹೇಳುತ್ತಿದ್ದಳು. ಅದರ ನೆರಳಿನಲ್ಲಿ ಅಮ್ಮ ಬುತ್ತಿ ಬಿಚ್ಚುತ್ತಿದ್ದಳು. ನಾನು ಪರೀಕ್ಷೆಗೆ ಓದುತ್ತಿದ್ದೆ. ತಂದೆ ತೀರಿಕೊಂಡ ಮೇಲೆ ಪಾಲಾಯಿತು, ನಾನು ಮನೆ ಕಟ್ಟಲು ಹೊರಟೆ. ಪಾಯಕ್ಕೆ ಕಲ್ಲು ಬೇಕಾಗಿತ್ತು, ಹಣ ಕಡಿಮೆಯಿತ್ತು. ಗುಂಡು ಒಡೆಸಿದರೆ ಸೈಜುಗಲ್ಲೂ ಜಲ್ಲಿಯೂ ಪುಕ್ಕಟೆ ಎಂದು ಲೆಕ್ಕ ಹಾಕಿದವನು ನಾನೇ. ಬೇರೆ ಯಾರ ಮೇಲೂ ದೂರು ಹೊರಿಸುವಂತಿಲ್ಲ.

ಒಡೆಯಲು ಬಂದ ಮೇಸ್ತ್ರಿ ಮುದುಕ. ಕೆಲಸಕ್ಕೆ ಮುನ್ನ ಗುಂಡಿನ ಸುತ್ತ ಎರಡು ಸುತ್ತು ಬಂದ. ನಾನು ಸುಮ್ಮನೆ ಮಾತಿಗೆ, “ಇದು ಎಲ್ಲಿಂದ ಉರುಳಿ ಬಂತೋ ಏನೋ” ಎಂದೆ. ಅವನು ತಲೆಯಾಡಿಸಿದ. “ಎಲ್ಲಿಂದಲೂ ಬಂದದ್ದಲ್ಲ ಸ್ವಾಮಿ, ಇಲ್ಲೇ ಹುಟ್ಟಿದ್ದು. ನೋಡಿ, ಹಾಸಿನ ನರ, ಗುಂಡಿನ ನರ ಎರಡೂ ಒಂದೇ” ಎಂದು ಬೆರಳಿಟ್ಟು ತೋರಿಸಿದ. ಹಾಸುಬಂಡೆಯಲ್ಲಿ ಓರೆಯಾಗಿ ಹರಿದಿದ್ದ ಬೆಣಚುಕಲ್ಲಿನ ಬಿಳಿಯ ಪಟ್ಟಿ, ಒಂದು ಗೇಣು ಬಿರುಕು ದಾಟಿ, ಅದೇ ಓರೆಯಲ್ಲಿ ಗುಂಡಿನೊಳಕ್ಕೆ ಏರಿತ್ತು. ಅಂದು ನಾನು ಹೂಂಗುಟ್ಟಿ ಮರೆತೆ.

ಈಗ ಅಗಾಸಿಯ ಕಥೆಯ ಉತ್ತರಾರ್ಧ ಕೇಳಿ. 1865ರಲ್ಲಿ ಅವನು ಬ್ರೆಜಿಲ್‌ಗೆ ಹೋದ. ರಿಯೊ ನಗರದ ಸುತ್ತಿನ ಬೆಟ್ಟಗಳಲ್ಲಿ ಕೆಂಪು ಮಣ್ಣು, ಅದರೊಳಗೆ ಉರುಟಾದ ಗುಂಡುಗಳು. ಥೇಟು ನಮ್ಮ ಕಡೆಯ ನೋಟ. ಇದೂ ಹಿಮ ತಂದು ಸುರಿದದ್ದೇ ಎಂದ. ಸಮಭಾಜಕ ವೃತ್ತದ ಬಳಿಯ ಅಮೆಜಾನ್ ಬಯಲನ್ನೂ ಹಿಮ ತುಂಬಿತ್ತೆಂದು ವಾದಿಸಿದ. ಅದು ತಪ್ಪಾಗಿತ್ತು. ಆ ಗುಂಡುಗಳು ಎಲ್ಲಿಂದಲೂ ಬಂದಿರಲಿಲ್ಲ, ಅಲ್ಲೇ ಹುಟ್ಟಿದ್ದವು. ಒಂದು ನಾಡಿನಲ್ಲಿ ಕಂಡ ದೊಡ್ಡ ಸತ್ಯವನ್ನು ಇನ್ನೊಂದು ನಾಡಿನ ಮೇಲೂ ಹೊರಿಸಲು ಹೋಗಿ ಆ ಮಹಾವಿದ್ವಾಂಸ ಎಡವಿದ ಕಡೆ, ನಮ್ಮ ಮೇಸ್ತ್ರಿ ಬೆರಳಿಟ್ಟು ನೋಡಿ ಸರಿಯಾಗಿ ಹೇಳಿದ್ದ. ರಾಕ್ಷಸನ ಕಥೆ ಯೂರೋಪಿನಲ್ಲಿ ಅರ್ಧ ನಿಜ, ಕಲ್ಲು ದೂರದಿಂದ ಬಂದದ್ದು ಹೌದು. ಭೀಮನ ಕಥೆಗೆ ನಮ್ಮಲ್ಲಿ ಆ ಅರ್ಧವೂ ದಕ್ಕುವುದಿಲ್ಲ.

ಹಾಗಾದರೆ ನಮ್ಮ ಗುಂಡುಗಳು ಹುಟ್ಟುವುದು ಹೇಗೆ? ಬೆಂಗಳೂರಿನ ಸುತ್ತಮುತ್ತಲ ತಳಬಂಡೆ ನೈಸ್ ಎಂಬ ಜಾತಿಯದು. ಕಪ್ಪು ಬಿಳುಪು ಪಟ್ಟೆಗಳು ಸೀರೆಯ ಮಡಿಕೆಯಂತೆ ಸುರುಳಿಸುತ್ತಿಕೊಂಡಿರುತ್ತವೆ. ಮೈಸೂರು ಭೂವಿಜ್ಞಾನ ಇಲಾಖೆಯ ಡಾಕ್ಟರ್ ಸ್ಮೀತ್ ಅವರು ಇದಕ್ಕೆ ಪರ್ಯಾಯದ್ವೀಪದ ನೈಸ್ ಎಂದು ಹೆಸರು ಕೊಟ್ಟರು. ಲಾಲ್‌ಬಾಗಿನ ಗುಡ್ಡದ ಮೇಲೆ ವಾಯುವಿಹಾರ ಮಾಡುವವರು ಮೆಟ್ಟುವುದು ಅದನ್ನೇ. ಅದೀಗ ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ. ವಯಸ್ಸು ಸುಮಾರು 300 ಕೋಟಿ ವರ್ಷ. ನಮಗೆ ಪಶ್ಚಿಮದಲ್ಲಿ, ಸಾವನದುರ್ಗ, ರಾಮನಗರಗಳ ಕಡೆ, ಇದನ್ನು ಸೀಳಿಕೊಂಡು ಉಕ್ಕಿಬಂದ ಗ್ರಾನೈಟಿನ ಉದ್ದನೆಯ ಪಟ್ಟಿಯಿದೆ. ರಾಮನಗರದ ಹಳೆಯ ಹೆಸರಾದ ಕ್ಲೋಸ್‌ಪೇಟೆಯನ್ನೇ ಅದಕ್ಕೂ ಇಟ್ಟಿದ್ದಾರೆ. ಅದು ಕಿರಿಯದು, 250 ಕೋಟಿ ವರ್ಷ.

ಈ ಬಂಡೆಗಳು ಒಮ್ಮೆ ಬಹಳ ಆಳದಲ್ಲಿದ್ದವು. ಮೇಲಿನ ಭಾರ ಸವೆದಂತೆಲ್ಲ ಹಿಗ್ಗಿ, ಈರುಳ್ಳಿಯ ಪದರಗಳಂತೆ ಬಿರಿದವು. ಅಡ್ಡಕ್ಕೂ ಉದ್ದಕ್ಕೂ ಸೀಳುಗಳಾಗಿ ನೆಲದೊಳಗೇ ಚೌಕ ಚೌಕವಾದವು. ಸೀಳುಗಳಲ್ಲಿ ಮಳೆಯ ನೀರು ಇಳಿಯಿತು. ಬಂಡೆಯೊಳಗಿನ ಫೆಲ್ಡ್‌ಸ್ಪಾರ್ ಎಂಬ ಖನಿಜ ನೀರಿಗೆ ಸೋತು ಜೇಡಿಯಾಗುತ್ತದೆ. ಕಬ್ಬಿಣದ ಅಂಶ ಗಾಳಿಗೆ ತುಕ್ಕು ಹಿಡಿದು ಕೆಂಪಾಗುತ್ತದೆ. ಬೆಣಚು ಮಾತ್ರ ಹರಳಾಗಿ ಉಳಿಯುತ್ತದೆ. ಚೌಕದ ಮೂಲೆಗಳಿಗೆ ಎರಡು ಮೂರು ಕಡೆಯಿಂದ ನೀರು ತಗಲುವುದರಿಂದ ಅವೇ ಮೊದಲು ಸವೆಯುತ್ತವೆ. ಕಲ್ಲುಸಕ್ಕರೆಯ ತುಂಡು ಬಾಯಲ್ಲಿ ದುಂಡಗಾಗುವ ಹಾಗೆ. ಕೊನೆಗೆ ಕೆಂಪು ಗರಸಿನ ನಡುವೆ ಗಟ್ಟಿಯಾದ ದುಂಡು ತಿರುಳು ಉಳಿಯುತ್ತದೆ. ಮೇಲಿನ ಗರಸನ್ನು ಮಳೆ ಕೊಚ್ಚಿಕೊಂಡು ಹೋದಾಗ ಗುಂಡು ಹೊರಬೀಳುತ್ತದೆ, ಅಷ್ಟೆ. ಪದರವಾಗಿ ಬಿರಿಯುವ ಈ ಗುಣವನ್ನು ಬಲ್ಲ ನಮ್ಮ ಕಲ್ಲುಕೆಲಸದವರು ಹಾಸಿನ ಮೇಲೆ ಸೌದೆ ಉರಿಸಿ, ಬೆಂಕಿಯ ಸಾಲನ್ನು ಮೆಲ್ಲನೆ ಮುಂದೆ ತಳ್ಳುತ್ತ, ಸುತ್ತಿಗೆಯ ಸದ್ದಿನಿಂದಲೇ ಕಲ್ಲು ಎಲ್ಲಿಯವರೆಗೆ ಬಿಟ್ಟಿದೆ ಎಂದು ಅರಿತು, ಹಪ್ಪಳದಂತೆ ಚಪ್ಪಡಿ ಎಬ್ಬಿಸುತ್ತಿದ್ದರು. ನಮ್ಮ ಹಳೆಯ ಮನೆಯ ಮಾಳಿಗೆಗೂ ಹೊಲದ ಬೇಲಿಗೂ ಅಂಥ ಚಪ್ಪಡಿಗಳೇ ಇದ್ದವು.

ಭಾರತಕ್ಕೆ ಹಿಮ ಬರಲೇ ಇಲ್ಲವೇ ಎಂದು ಕೇಳಬಹುದು. ಬಂದಿತ್ತು, ಆದರೆ ಸುಮಾರು 30 ಕೋಟಿ ವರ್ಷಗಳ ಹಿಂದೆ, ನಮ್ಮ ನೆಲ ದಕ್ಷಿಣ ಧ್ರುವದ ಆಸುಪಾಸಿನಲ್ಲಿ ಆಫ್ರಿಕ, ಆಸ್ಟ್ರೇಲಿಯ, ಅಂಟಾರ್ಕ್ಟಿಕಗಳೊಂದಿಗೆ ಕೂಡಿಕೊಂಡಿದ್ದಾಗ. ಒಡಿಶಾದ ತಾಲ್ಚೇರಿನಲ್ಲಿ ಜೇಡಿಯೊಳಗೆ ಹುದುಗಿದ್ದ ದಪ್ಪ ಕಲ್ಲುಗಳನ್ನು ನೋಡಿ, ಇವನ್ನು ತಂದದ್ದು ಹಿಮವಿರಬೇಕೆಂದು ಬ್ಲಾನ್‌ಫರ್ಡ್ ಸೋದರರೂ ಅವರ ಸಂಗಡಿಗ ಥಿಯೋಬಾಲ್ಡನೂ 1856ರಷ್ಟು ಹಿಂದೆಯೇ ಬರೆದರು. ಉಷ್ಣದೇಶದಲ್ಲಿ ಹಿಮವೇ ಎಂದು ಹುಬ್ಬೇರಿಸಿದವರು ಬಹಳ ಜನ. ಅಗಾಸಿ ಬ್ರೆಜಿಲಿನಲ್ಲಿ ಸುಲಭವಾಗಿ ನಂಬಿ ಕೆಟ್ಟ, ಇವರನ್ನು ಸುಲಭವಾಗಿ ಯಾರೂ ನಂಬಲಿಲ್ಲ. ಆ ಹಿಮದ ಗುರುತು ನಮ್ಮ ಬೆಂಗಳೂರಿನ ಭಾಗದಲ್ಲಿ ಉಳಿದಿಲ್ಲ. ನಮ್ಮ ರೈತ ಕಂಡ ಹಿಮವೆಂದರೆ ಆಲಿಕಲ್ಲು ಮಾತ್ರ. ಅದನ್ನೂ ನಾವು ಕಲ್ಲೆಂದೇ ಕರೆದೆವು.

ಮೊಮ್ಮಗಳ ಪ್ರಶ್ನೆಗೆ ಈಗ ಉತ್ತರ ಹೇಳಬಹುದು. ಹಿಮ ಉತ್ತ ನೆಲದಲ್ಲಿ ನೀರು ಎಲ್ಲೆಂದರಲ್ಲಿ ನಿಲ್ಲುತ್ತದೆ. ನೆಲ ಹೊಸದು, ಗುಳಿಗಳನ್ನು ಕೊರೆದು ಬರಿದುಮಾಡಲು ಹೊಳೆಗಳಿಗೆ ಇನ್ನೂ ಸಮಯ ಸಿಕ್ಕಿಲ್ಲ. ನಮ್ಮದು ಕೋಟ್ಯಂತರ ವರ್ಷ ಮಳೆಗೆ ಮೈಯೊಡ್ಡಿದ ನೆಲ. ಇಲ್ಲಿ ಪ್ರತಿಯೊಂದು ಹನಿಗೂ ಇಳಿದುಹೋಗುವ ದಾರಿ ಆಗಲೇ ಸಿದ್ಧವಾಗಿದೆ: ಕಾಲುವೆಯಿಂದ ಹಳ್ಳಕ್ಕೆ, ಹಳ್ಳದಿಂದ ಅರ್ಕಾವತಿಗೆ, ಅರ್ಕಾವತಿಯಿಂದ ಕಾವೇರಿಗೆ. ನೀರು ನಿಲ್ಲಬೇಕಾದರೆ ಯಾರಾದರೂ ಅಡ್ಡಗಟ್ಟಬೇಕು. ಆದುದರಿಂದಲೇ ಕನ್ನಡದಲ್ಲಿ ಬಾವಿಯನ್ನು ತೋಡುತ್ತೇವೆ, ಕೆರೆಯನ್ನು ಕಟ್ಟುತ್ತೇವೆ. ಈ ಎರಡು ಕ್ರಿಯಾಪದಗಳನ್ನು ನಾನು ಆಯುಷ್ಯವೆಲ್ಲ ಬಳಸಿದ್ದೇನೆ. ಅವುಗಳೊಳಗೆ ಈ ನೆಲದ ಚರಿತ್ರೆ ಇದೆಯೆಂದು ತಿಳಿದದ್ದು ಮಿನ್ನೆಸೋಟದಲ್ಲಿ.

ಹಂಡೆ ಸರೋವರಕ್ಕೆ ಒಡೆಯನಿಲ್ಲದಿದ್ದರೂ ಅದು ಇರುತ್ತದೆ. ಕೆರೆ ಹಾಗಲ್ಲ. ಏರಿಯಲ್ಲಿ ಇಲಿಬಿಲವಾಗುತ್ತದೆ, ತೂಬು ಕಟ್ಟಿಕೊಳ್ಳುತ್ತದೆ, ಹೂಳು ತುಂಬುತ್ತದೆ, ಕೋಡಿ ಕೊರೆಯುತ್ತದೆ. ಪ್ರತಿ ತಲೆಮಾರೂ ಅದನ್ನು ಮತ್ತೆ ಕಟ್ಟಬೇಕು. ನಮ್ಮ ಶಾಸನಗಳಲ್ಲಿ ‘ಬಿತ್ತುವಟ್ಟ’ ಎಂದೂ ‘ದಶವಂದ’ ಎಂದೂ ಬರುವ ದತ್ತಿಗಳು ಕೆರೆ ಕಟ್ಟಿದವರಿಗೆ, ಕೆರೆ ನೋಡಿಕೊಳ್ಳುವವರಿಗೆ ಬಿಟ್ಟ ಭೂಮಿಯ ಮಾತು. ತರಗತಿಯಲ್ಲಿ ಅವನ್ನು ಪಾರಿಭಾಷಿಕ ಪದಗಳೆಂದು ಉರು ಹೊಡೆಸಿದೆ.

ಹೂಳಿನ ಮಾತು ಬಂದದ್ದರಿಂದ ಇನ್ನೊಂದನ್ನು ಹೇಳಲೇಬೇಕು. ಹಿಮ ಅರೆದ ಮಣ್ಣು ಹಸಿ ಕಲ್ಲಿನ ಪುಡಿ. ಸಸ್ಯಕ್ಕೆ ಬೇಕಾದ ಖನಿಜಗಳು ಇನ್ನೂ ಅದರಲ್ಲೇ ಇವೆ. ನಮ್ಮ ಕೆಂಪುಮಣ್ಣು ತೊಳೆದು ತೊಳೆದು ಸೋತ ಮಣ್ಣು. ಸುಣ್ಣದ ಅಂಶವೆಲ್ಲ ಎಂದೋ ಹರಿದುಹೋಗಿದೆ. ಹೋಗುವ ಆ ಸಾರವನ್ನು ಸ್ವಲ್ಪವಾದರೂ ಹಿಡಿದಿಡುತ್ತಿದ್ದದ್ದು ಕೆರೆಯ ತಳ. ಬೇಸಗೆಯಲ್ಲಿ ಕೆರೆ ಬತ್ತಿದಾಗ ಅಪ್ಪ ಗಾಡಿಗಟ್ಟಲೆ ಗೋಡು ಹೊಡೆಸುತ್ತಿದ್ದರು. ಮಿನ್ನೆಸೋಟದ ರೈತನಿಗೆ ಹಿಮ ಒಂದೇ ಸಲ ಮಾಡಿಕೊಟ್ಟ ಕೆಲಸವನ್ನು ಅವರು ಜೋಡೆತ್ತಿನಲ್ಲಿ ವರ್ಷವರ್ಷವೂ ಮಾಡುತ್ತಿದ್ದರು. ಆದರೆ ಆ ರೈತನಿಗೂ ಸುಖವಿಲ್ಲ. ಪ್ರತಿ ಚಳಿಗಾಲದಲ್ಲಿ ನೆಲ ಹೆಪ್ಪುಗಟ್ಟಿ ಹಿಗ್ಗಿ ಹೊಸ ಕಲ್ಲುಗಳನ್ನು ಮೇಲಕ್ಕೆ ತಳ್ಳುತ್ತದೆ, ವಸಂತದಲ್ಲಿ ಅವನ್ನು ಆರಿಸಿ ಬದುವಿಗೆ ಹಾಕಬೇಕು. ಜೌಗು ಗುಳಿಗಳನ್ನು ಕೊಳವೆ ಹಾಕಿ ಬಸಿದು ಹೊಲ ಮಾಡಿದ್ದಕ್ಕೆ ಅಲ್ಲಿಯೂ ಈಗ ಪಶ್ಚಾತ್ತಾಪದ ಮಾತುಗಳಿವೆ.

ಎರಡನೆಯ ಬೇಸಗೆಯಲ್ಲಿ ಅಳಿಯ ನಮ್ಮನ್ನು ಮಾರ್ಟನ್ ಎಂಬ ಸಣ್ಣ ಊರಿಗೆ ಕರೆದೊಯ್ದ. ಅಗಾಸಿ ಸರೋವರದಿಂದ ಉಕ್ಕಿ ಹರಿದ ಮಹಾನದಿ ಅಲ್ಲಿ ಟಿಲ್ ಮಣ್ಣನ್ನೆಲ್ಲ ಕೊಚ್ಚಿ ತಳಬಂಡೆಯನ್ನು ಬಯಲು ಮಾಡಿದೆ. ಬಂಡೆಯ ಬಳಿಗೆ ಹೋದೆ. ಕಪ್ಪು, ಬಿಳಿ, ನಸುಗೆಂಪು ಪಟ್ಟೆಗಳು, ಸೀರೆಯ ಮಡಿಕೆಯಂಥ ಸುರುಳಿಗಳು. ನೈಸ್! ವಯಸ್ಸು ಸುಮಾರು 350 ಕೋಟಿ ವರ್ಷ. ಚಿಕಾಗೊದ ಆಡ್ಲರ್ ತಾರಾಲಯದ ಹೊರಮೈಗೆ ಹೊದಿಸಿರುವುದು ಈ ಕಲ್ಲನ್ನೇ. ಮಣ್ಣಿನ ಹೊದಿಕೆ ಸರಿಸಿ ನೋಡಿದರೆ ಆ ನಾಡಿನ ತಳವೂ ನಮ್ಮದರಂತೆಯೇ ಇತ್ತು. ನಾನು ಅಂಗೈ ಊರಿ ನಿಂತೆ. ಹೆಂಡತಿ, “ಆನೆಗುಂಡಿನ ಹಾಗೇ ಇದೆ ಅಲ್ಲವೇ?” ಎಂದಳು. ನಾನು ಮಾತಾಡಲಿಲ್ಲ.

ಊರಿಗೆ ಹಿಂದಿರುಗಿದಾಗ ತಮ್ಮ ಒಂದು ಕಾಗದ ಹಿಡಿದು ಕಾಯುತ್ತಿದ್ದ. ಕೆರೆಯ ಕೆಳಗಿನ ಗದ್ದೆಯಲ್ಲಿ ನಮ್ಮಿಬ್ಬರ ಪಾಲು ಕೂಡಿಯೇ ಇದೆ. ಅದಕ್ಕೆ ಮಣ್ಣು ತುಂಬಿಸಿ ಸೈಟು ಮಾಡಲು ನನ್ನ ಸಹಿ ಬೇಕು. “ಅಣ್ಣ, ನೀರಿಲ್ಲದ ಕೆರೆಯ ಕೆಳಗೆ ಗದ್ದೆ ಇಟ್ಟುಕೊಂಡು ಏನು ಮಾಡುತ್ತೀಯ? ಮಾದಾವರದ ತನಕ ಮೆಟ್ರೋ ಬಂದಾಯಿತು” ಎಂದ. ಅವನ ಮಾತಿನಲ್ಲಿ ಹುರುಳಿಲ್ಲದಿಲ್ಲ. ಅವನಿಗೆ ನನ್ನಂತೆ ಪಿಂಚಣಿ ಇಲ್ಲ, ಇಬ್ಬರು ಮಕ್ಕಳ ಓದು ಇದೆ.

ನಾನು ಅವನಿಗೆ ಅರ್ಕಾವತಿಯ ಕಥೆ ಹೇಳಿದೆ. ನಂದಿಯ ಕಡೆಯಿಂದ ಇಳಿದು ಬರುವ ಆ ಹೊಳೆಗೆ ಹೆಸರಘಟ್ಟದಲ್ಲಿ ಕಟ್ಟಿದ ಜಲಾಶಯದಿಂದ 1890ರ ದಶಕದಲ್ಲಿ ಬೆಂಗಳೂರಿಗೆ ನೀರು ಹರಿಯಿತು. ಅದು ಸಾಲದೆ 1933ರಲ್ಲಿ ತಿಪ್ಪಗೊಂಡನಹಳ್ಳಿಯ ಅಣೆಕಟ್ಟಾಯಿತು. ಅದೂ ಸಾಲದೆ 1974ರಲ್ಲಿ ಕಾವೇರಿಯನ್ನು ಏರಿಸಿ ತಂದರು. ಆ ಜಲಾನಯನವನ್ನು ಉಳಿಸಲೆಂದು 2003ರಲ್ಲಿ ಸರ್ಕಾರದ ಆದೇಶವೂ ಹೊರಟಿತು. ನಮ್ಮ ಗದ್ದೆ ಆ ಕಣಿವೆಯ ಒಂದು ಸಣ್ಣ ಬೆರಳು. ಗರಸಿನ ಕೆಳಗೆ ಇಡಿಯ ಬಂಡೆ. ಗರಸಿನಲ್ಲಿ, ಬಂಡೆಯ ಸೀಳಿನಲ್ಲಿ ಹಿಡಿದಷ್ಟೇ ನೀರು. ಆದ್ದರಿಂದಲೇ ಸಾವಿರ ಅಡಿ ಕೊರೆದರೂ ನಮ್ಮಲ್ಲಿ ಕೊಳವೆಬಾವಿಗಳು ಬರಿದಾಗುತ್ತವೆ. ಮಣ್ಣು ತುಂಬಿದ ಮಾತ್ರಕ್ಕೆ ನೀರು ಇಳಿಯುವ ದಾರಿ ಮರೆಯುವುದಿಲ್ಲ, ಜೋರು ಮಳೆಯಾದ ವರ್ಷ ಅದು ಮನೆಗಳ ನಡುಮನೆಗೇ ಬರುತ್ತದೆ ಎಂದೆ. ಅವನು ಎಲ್ಲವನ್ನೂ ಕೇಳಿ, “ಗುಂಡು ಒಡೆಸುವಾಗ ಇದೆಲ್ಲ ಗೊತ್ತಿರಲಿಲ್ಲವೇ, ಅಣ್ಣ?” ಎಂದು ಕೇಳಿದ. ಕುಹಕದಿಂದಲ್ಲ, ನಿಜವಾಗಿ ತಿಳಿಯಲೆಂದೇ ಕೇಳಿದ.

ಗೊತ್ತಿರಲಿಲ್ಲ ಎಂದೆ. ಕಾಗದ ಇನ್ನೂ ನನ್ನ ಮೇಜಿನ ಮೇಲಿದೆ. ಸಹಿ ಮಾಡಿಲ್ಲ, ಮಾಡುವುದಿಲ್ಲವೆಂದು ಅವನಿಗೆ ಹೇಳಿಯೂ ಇಲ್ಲ. ಗದ್ದೆಯ ಅವನ ಪಾಲನ್ನು ನಾನೇ ಕೊಂಡುಕೊಳ್ಳಲು ಸಾಧ್ಯವೇ ಎಂದು ಪಿಂಚಣಿಯ ಲೆಕ್ಕ ಹಾಕುತ್ತಿದ್ದೇನೆ. ಬರುವ ಡಿಸೆಂಬರಿನಲ್ಲಿ ಮೊಮ್ಮಗಳು ಬರುತ್ತಾಳೆ. ಏರಿಯ ಮೇಲೆ ಕರೆದುಕೊಂಡು ಹೋಗಿ, ತೂಬು ಎಲ್ಲಿ, ಕೋಡಿ ಎಲ್ಲಿ ಎಂದು ತೋರಿಸಬೇಕು. ಆನೆಗುಂಡನ್ನು ತೋರಿಸುವಂತಿಲ್ಲ. ನಮ್ಮ ಮನೆಯ ಪಾಯದಲ್ಲಿ, ಮೆಟ್ಟಿಲಿನ ಎಡಕ್ಕೆ, ಬಿಳಿಯ ನರ ಹಾದುಹೋಗಿರುವ ಒಂದು ಕಲ್ಲು ಮಾತ್ರ ಸಿಮೆಂಟು ಬಳಿಯದೆ ಉಳಿದಿದೆ.